ಬೆನ್ನ ಹುಣ್ಣು

ಇಪ್ಪತ್ತಾರು ದಿನದ ಹಿಂದೆ ಇದೇ ಕುರ್ಚಿ,
ಇದೇ ಕುಂಟು ಮೇಜು, ಅದರ ಕಾಲಡಿ ಮಡಿಸಿಟ್ಟ ಹಳೇ ಸಮನ್ಸು,
ಇದೇ ನಾನು.
ಕಿಟಕಿಯಾಚೆಯ ತೆಂತುಲಿಯಾ ನದಿ ಮಾತ್ರ ಅದೇ ಅಲ್ಲ.
ಈ ನಡುವೆ ಅರ್ಧ ಕಾನಿ ಗದ್ದೆ ನುಂಗಿದೆ,
ಆಚೆ ದಡದಲ್ಲಿ ಯಾರಿಗೋ ಒಂದಿಷ್ಟು ಕಕ್ಕಿದೆ.
ಅದರ ಮೇಲೆ ಅಪೀಲಿಲ್ಲ, ಮರುಪರಿಶೀಲನೆಯೂ ಇಲ್ಲ.

ನನ್ನ ಮೇಲಿದೆ. ನಾನೇ ಬರೆದ ಎರಡು ತೀರ್ಪು
ಕೆಂಪು ದಾರ ಬಿಚ್ಚಿಸಿಕೊಂಡು
ಹೇಳದೆ ಕೇಳದೆ ತವರಿಗೆ ಬಂದ ಹೆಣ್ಣುಮಕ್ಕಳ ಹಾಗೆ
ನನ್ನ ಮುಖವನ್ನೇ ನೋಡುತ್ತ ಕೂತಿವೆ.

ಮೊದಲನೆಯದು ಬಡಗಿ ನಿರಂಜನ ಸೂತ್ರಧರನದು.
ದೋಣಿ ಕಟ್ಟುವ ಅಂಗಳ, ಹದಿನಾಲ್ಕು ಸೆಂಟು.
‘ಕಂದಾಯದ ರಸೀದಿ ಹಾಜರುಪಡಿಸಿಲ್ಲ’ ಎಂದಿದ್ದೇನೆ
ಏಳನೇ ಪುಟದಲ್ಲಿ, ನನ್ನ ದುಂಡು ಅಕ್ಷರದಲ್ಲಿ.
ಮೂರನೇ ಪುಟದಲ್ಲಿ ಅದೇ ದುಂಡು ಅಕ್ಷರ:
‘ರಸೀದಿ, ನಿಶಾನೆ ಐದು, ಗುರುತಿಸಲಾಗಿದೆ.’
ನಡುವೆ ನಾಲ್ಕೇ ಪುಟ.
ಆ ನಾಲ್ಕು ಪುಟದೊಳಗೆ ಕರೆಂಟು ಹೋಗಿತ್ತೋ,
ಮಗನಿಗೆ ಜ್ವರವಿತ್ತೋ, ಚಹಾದಲ್ಲಿ ನೊಣ ಬಿದ್ದಿತ್ತೋ
ಕಡತ ಹೇಳುವುದಿಲ್ಲ, ಕಾನೂನು ಕೇಳುವುದಿಲ್ಲ.

ಅಂಗೈ ಹುಣ್ಣಿಗೆ ಕನ್ನಡಿ ಬೇಕೆ?
ವಕೀಲ ಬಾಯಿ ತೆರೆಯುವ ಮೊದಲೇ ಕಂಡಿತು.
ಕಿವಿ ಬಿಸಿಯಾಯಿತು.
ಎದುರುವಾದಿ ಹಾತೆಮ್ ಬೇಪಾರಿ ಕೆಮ್ಮಿದ,
ಕೆಮ್ಮಿಗೆ ಉತ್ತರ ಕೊಡಬೇಕಾಗಿಲ್ಲ.
‘ತಪ್ಪು ನನ್ನದು’ ಎಂದೆ.
ಬೆರಳಚ್ಚಿನ ಹುಡುಗ ತಲೆಯೆತ್ತಿದ:
‘ಇದನ್ನೂ ಹೊಡೆಯಲೇ ಹುಜೂರ್?’
‘ಕಡತದ ಮೇಲೆ ಎದ್ದು ಕಾಣುವ ತಪ್ಪು, ಹಾಗೆ ಹೊಡಿ.’
ಅಷ್ಟರೊಳಗೆ ‘ನನ್ನದು’ ಎಲ್ಲೋ ಉದುರಿತು.
ಆದೇಶ ತಿದ್ದಿದೆ. ನಿರಂಜನ ಕೈಮುಗಿದ,
ಉಗುರುಗಳ ತುಂಬ ಡಾಂಬರು.

ಎರಡನೆಯದು ಲಾಲ್‌ಬಾನುವಿನದು. ಒಂದು ಕೆರೆ,
ಅದರಲ್ಲಿ ಅರ್ಧ ಅಪ್ಪ ಬಾಯಿಮಾತಲ್ಲಿ ಕೊಟ್ಟದ್ದು,
ಕೇಳಿಸಿಕೊಂಡವನು ಒಬ್ಬ ಮುದಿ ಅಂಬಿಗ.
ಯಾವ ವರ್ಷ ಎಂದರೆ ವರ್ಷ ಹೇಳಲಿಲ್ಲ.
‘ದೊಡ್ಡ ಗಾಳಿ ಬಂತಲ್ಲ, ಅದರ ಮುಂದಿನ ಚಳಿಗೆ.
ಅಲ್ಲ, ನನ್ನ ಎರಡನೇ ದೋಣಿ ಒಡೆದ ಚಳಿಗೆ.’
‘ಸಾಕ್ಷಿ ತಡವರಿಸುತ್ತಾನೆ, ನಂಬಲರ್ಹನಲ್ಲ’
ಎಂದು ಬರೆದು ಮುಗಿಸಿದೆ.
ಹನ್ನೊಂದು ದಿನವಾದ ಮೇಲೆ ಸೊಳ್ಳೆಪರದೆಯೊಳಗೆ
ಎಚ್ಚರವಾಗಿ ಎದ್ದು ಕೂತೆ:
ಆತ ತಡವರಿಸಿರಲಿಲ್ಲ. ಎಣಿಸುತ್ತಿದ್ದ.

‘ಹೊಸ ಪುರಾವೆ ಏನಾದರೂ ಸಿಕ್ಕಿದೆಯೇ?
ಎಷ್ಟು ಹುಡುಕಿದರೂ ಆಗ ಸಿಗದೆ ಹೋದದ್ದು?’
ಕೇಳುವಾಗ ನನ್ನ ದನಿಯಲ್ಲೇ ಆಸೆಯಿತ್ತು.
ಲಾಲ್‌ಬಾನು ಸೆರಗು ಸರಿಮಾಡಿಕೊಂಡಳು.
‘ಹೊಸದೇನಿಲ್ಲ ಹುಜೂರ್,
ಹಳೆಯದನ್ನೇ ಇನ್ನೊಂದು ಸಲ ಕೇಳಿ.’

ಅದೊಂದನ್ನು ಮಾತ್ರ ಮಾಡುವಂತಿಲ್ಲ.

ಇದು ಬೆನ್ನ ಹುಣ್ಣು. ನೋವು ನನಗೆ ಗೊತ್ತು,
ಎಲ್ಲಿದೆಯೆಂದು ಬೆರಳಿಟ್ಟು ತೋರಿಸಲಾರೆ.
ತೋರಿಸಲು ಒಂದು ಗಂಟೆ ವಾದ ಬೇಕು,
ಆ ಮುದುಕನನ್ನು ಮತ್ತೆ ಮನಸ್ಸಿನ ಕಟಕಟೆಗೆ ಹತ್ತಿಸಬೇಕು.
ವಾದ ಮಾಡಿ ಕಾಣಿಸಬೇಕಾದ ತಪ್ಪು
ಕಾಣುವ ತಪ್ಪಲ್ಲ, ಅಷ್ಟೆ.
ಅದಕ್ಕೆ ಇನ್ನೊಬ್ಬರ ಕಣ್ಣು ಬೇಕು;
ಆ ಕಣ್ಣು ಭೋಲಾದಲ್ಲಿದೆ, ಜಿಲ್ಲಾ ನ್ಯಾಯಾಧೀಶರ ಕೋಣೆಯಲ್ಲಿ,
ಇಲ್ಲಿಂದ ಒಂದು ದೋಣಿ, ಎರಡು ಬಸ್ಸು.

ರಾತ್ರಿ ಮನಸ್ಸು ಮಗುಚಿದಾಗಲೆಲ್ಲ
ಹಗಲು ತೀರ್ಪು ಮಗುಚಿದರೆ
ಆ ನದಿಗೂ ನನಗೂ ಏನು ವ್ಯತ್ಯಾಸ?
ಹೀಗೆಂದುಕೊಂಡೆ. ಸಮಾಧಾನವಾಗಲಿಲ್ಲ.

‘ಅರ್ಜಿ ವಜಾ.’
ಆಕೆ ಅಳಲಿಲ್ಲ, ಕೇಳಿದಳು:
‘ಬರೆದವರು ನೀವೇ ಅಲ್ಲವೇ?’
‘ಅದಕ್ಕೇ’ ಎಂದೆ. ಅವಳಿಗೆ ಅರ್ಥವಾಗಲಿಲ್ಲ,
ನನಗೂ ಪೂರ್ತಿ ಆಗಿಲ್ಲ.

ಪಕ್ಷಗಾರರಿಗೆ ಸಲಹೆ ಕೊಡುವುದು ನನ್ನ ಕೆಲಸವಲ್ಲ.
ಗುಮಾಸ್ತನಿಗೆ ಗಟ್ಟಿಯಾಗಿ ಹೇಳುವುದು ನನ್ನ ಹಳೇ ಚಾಳಿ:
‘ತೀರ್ಪಿನ ದೃಢೀಕೃತ ನಕಲು ಇವತ್ತೇ ಕೊಡು. ಇವತ್ತೇ.’
ಆಮೇಲೆ ಗೋಡೆಯ ಕ್ಯಾಲೆಂಡರಿಗೆ ಹೇಳಿದೆ,
‘ಅಪೀಲಿಗೆ ಮೂವತ್ತರಲ್ಲಿ ನಾಲ್ಕು ದಿನ ಉಳಿದಿವೆ.’
ಬೆರಳಚ್ಚಿನ ಹುಡುಗ ಮತ್ತೆ ತಲೆಯೆತ್ತಿದ.
‘ಇದನ್ನು ಹೊಡೆಯಬೇಡ.’

ಲಾಲ್‌ಬಾನು ಕ್ಯಾಲೆಂಡರ್ ನೋಡಲಿಲ್ಲ.
ಹೆಬ್ಬೆರಳಿಂದ ಬೆರಳ ಗೆಣ್ಣು ಮುಟ್ಟುತ್ತ,
ತುಸು ತಡವರಿಸುತ್ತ,
ಬಾಗಿಲು ದಾಟಿದಳು.